ಬೇರೆಯವರ ಗಂಟಲಲ್ಲಿ ಅತ್ತವರು

ಮೊನ್ನೆ ಹಿರಿಯೂರಿನ ಬಸ್ ಸ್ಟ್ಯಾಂಡ್ ಎದುರಿನ ಹೋಟೆಲಲ್ಲಿ ಟೀ ಕುಡಿಯುತ್ತಿದ್ದೆ. ಪಕ್ಕದ ಬೆಂಚಿನವನ ಮೊಬೈಲಿನಿಂದ ಹೆಂಗಸೊಬ್ಬಳ ಕೂಗು ಹೊರಟಿತು: "ಅಯ್ಯೋ... ಕಂದಾ!" ಟೀ ನನ್ನ ಅಂಗಿಯ ಮೇಲೆ ಚೆಲ್ಲಿತು. ಹಳೇ ಸಿನಿಮಾ, ಮಗನ ಹೆಣದ ಮೇಲೆ ಬಿದ್ದು ಹೊರಳುವ ತಾಯಿ. ಆ ಬಗೆಯ ಅಳು ನಿಮಗೂ ಗೊತ್ತು ಬಿಡಿ.

ಆ ಅಳುವಿನಿಂದಲೇ ನಾನು ಅನ್ನ ತಿಂದವನು. ಮಿಮಿಕ್ರಿ ನನ್ನ ಕಸುಬು. ಮೇಷ್ಟ್ರ ಕೆಮ್ಮು, ಕಂಡಕ್ಟರನ ಸೀಟಿ, ಸೋದರಮಾವನ ಗೊರಕೆ ಎಲ್ಲ ಮಾಡುತ್ತೇನೆ. ನನ್ನದೇ ದನಿ ಯಾವುದೆಂದು ಹೆತ್ತವಳಿಗೇ ಅನುಮಾನ, ಫೋನ್ ಮಾಡಿದರೆ "ಯಾರ್ರೀ?" ಎನ್ನುತ್ತಾಳೆ. ಹೊಸದುರ್ಗದಿಂದ ಹೊಳಲ್ಕೆರೆಯವರೆಗೆ ಯಾವ ಮದುವೆಗೆ ಹೋದರೂ ನನ್ನ ಕೊನೆಯ ಐಟಂ ಆ ತಾಯಿಯ ಅಳು. ಮದುವೆ ಮನೆಯಲ್ಲಿ ಹೆಣದ ಅಳು ಕೇಳಿ ಹೊಟ್ಟೆ ಹಿಡಿದುಕೊಂಡು ನಗುವ ಜನ ನಾವು.

ಕೆಲವು ವರ್ಷಗಳ ಹಿಂದೆ ಚಿಕ್ಕಜಾಜೂರಿನ ಮದುವೆಯೊಂದರಲ್ಲಿ ಅದನ್ನೇ ಮಾಡಿ, ಹೆಣ್ಣಿನ ಅಪ್ಪನ ಕಾಲ ಬುಡದಲ್ಲಿ ಹೊರಳಾಡಿದೆ. ಮುಂದಿನ ಸಾಲಿನ ಅಜ್ಜಿಯೊಬ್ಬರು ಎಲ್ಲರಿಗಿಂತ ಜೋರಾಗಿ ನಕ್ಕರು. ಊಟದ ಪಂಕ್ತಿಯಲ್ಲಿ ಪಕ್ಕಕ್ಕೆ ಕರೆದರು.

"ಏ ಮಿಮಿಕ್ರಿ, ಬಾರಪ್ಪ, ಇಲ್ಲಿ ಕುಂತ್ಕ. ಚೆಂದ ಅಳ್ತೀಯ."

ತಗಡಿನ ಮೇಲೆ ಜಲ್ಲಿ ಸುರಿದಂಥ ದನಿ. ಮಾತಿನ ಕೊನೆಗೆ ಉಯ್ಯಾಲೆಯಂತೆ ಮೇಲೇಳುವ ವಿಚಿತ್ರ ರಾಗ.

"ಆ ಪಿಚ್ಚರ್ ನೋಡೀರಾ ಅಜ್ಜಿ?"

"ನೋಡೋದೇನು? ಅದ್ರಾಗೆ ಅಳೋಳು ನಾನೇ."

ಕೈಯ ಹೋಳಿಗೆ ಎಲೆಗೆ ಬಿತ್ತು. ಅದೇ ಮೂಗು, ಗದ್ದದ ಮೇಲೆ ಅದೇ ಮಚ್ಚೆ! ಕಾಲಿಗೆ ಬೀಳುವುದೋ, ಎದ್ದು ಓಡುವುದೋ ತಿಳಿಯಲಿಲ್ಲ.

"ಆದ್ರೆ ನೀನು ಮಾಡಿದ್ದು ನನ್ ದನಿ ಅಲ್ಲಪ್ಪ."

ಅಜ್ಜಿ ಹುಟ್ಟಿದ್ದು ವೆಸ್ಟ್ ಇಂಡೀಸಿನ ಟ್ರಿನಿಡಾಡ್ ದ್ವೀಪದಲ್ಲಂತೆ. ಅಲ್ಲಿ ವೇಗದ ಬೌಲರುಗಳು ಮಾತ್ರ ಹುಟ್ಟುತ್ತಾರೆಂದು ನಾನು ತಿಳಿದಿದ್ದೆ. ಹಿಂದೆ ಕಬ್ಬು ಕಡಿಯಲು ಹಡಗು ಹತ್ತಿ ಹೋದವರ ಮನೆತನ. ನೃತ್ಯ ಕಲಿಯಲು ಮದ್ರಾಸಿಗೆ ಬಂದ ಹುಡುಗಿ ಸಿನಿಮಾಕ್ಕೆ ಸೇರಿದಳು. ಮೊದಲು ನರ್ಸ್, ಆಮೇಲೆ ವಠಾರದ ಓನರಮ್ಮ. ಮೂವತ್ತು ತುಂಬುವುದರೊಳಗೆ, ತನಗಿಂತ ಹಿರಿಯನಾದ ನಾಯಕನಿಗೆ ತಾಯಿ! ಸ್ಟುಡಿಯೋದಲ್ಲಿ ಲೈಟ್ ಹಿಡಿಯುತ್ತಿದ್ದ ಚಿಕ್ಕಜಾಜೂರಿನವರೊಬ್ಬರನ್ನು ಮದುವೆಯಾಗಿ ಇಲ್ಲಿಗೆ ಬಂದರು.

"ಮಕ ಸಾಕು, ದನಿ ಬ್ಯಾಡ ಅನ್ನೋರು. ಬಾಯಿ ಆಡ್ಸು, ಒನ್ ಟೂ ತ್ರೀ ಅನ್ನು ಸಾಕು ಅನ್ನೋರು. ಆಮ್ಯಾಲೆ ಯಾರೋ ಪುಣ್ಯಾತ್ಗಿತ್ತಿ ಬಂದು ಮಾತು ಹಾಕೋಳು. ಆಕಿ ಮಕಾನೂ ನಾನು ನೋಡಿಲ್ಲ."

"ಹಂಗಾರೆ ಅಳೋ ಸೀನ್‌ನಾಗೂ ಒನ್ ಟೂ ತ್ರೀನಾ?" ಕೀಟಲೆ ಬಿಡದ ಬಾಯಿ ನನ್ನದು.

ಅಜ್ಜಿ ಎಲೆಯ ಮೇಲಿನ ಅನ್ನವನ್ನು ಸುಮ್ಮನೆ ಕೆದಕಿದರು.

"ಇಲ್ಲಪ್ಪ. ಹಿಂದಿನ ದಿನ ಟ್ರಿನಿಡಾಡ್‌ನಾಗೆ ನಮ್ಮವ್ವ ತೀರ್ಕಂಡ ಸುದ್ದಿ ಬಂದಿತ್ತು. ಹೋಗಾಕೆ ಆಗ್ಲಿಲ್ಲ. ಕ್ಯಾಮೆರಾ ಸುರು ಆತು. ನಮ್ಮವ್ವನ್ನ 'ಮಾ, ಮಾ' ಅಂತ ಕರ್ದೆ. ಹೆಣ ಆಗಿ ಮಲಗಿದ್ದ ಹೀರೋ ಕಣ್ ಬಿಟ್ಟು ನೋಡ್ದ."

ಇಷ್ಟು ಮದುವೆಗಳಲ್ಲಿ ನಾನು ನಗಿಸಿದ್ದು ಇದರಿಂದಲೇ?

"ನನ್ ದನಿ ಯಾವ ಪಿಚ್ಚರ್‌ನಾಗೂ ಇಲ್ಲ. ನೀನು ಎಲ್ರುದೂ ಕಲೀತೀಯಲ್ಲ, ನಂದೂ ಕಲ್ತ್ಕಳಪ್ಪ. ನಾನು ಹೋದ್ ಮ್ಯಾಲೆ ಇರ್ಲಿ."

ಅಲ್ಲೇ ಯತ್ನಿಸಿದೆ. ಹೊರಟದ್ದು ನೆಗಡಿಯಾದ ಕೋಣದ ದನಿ. "ಥೂ ನಿನ್ನ!" ಎಂದು ಬೆನ್ನಿಗೆ ಗುದ್ದಿದರು. ಆಮೇಲೆ ಎಷ್ಟೋ ಸಲ ಅವರ ಮನೆಗೆ ಹೋದೆ. ಕೋಣ ಕೋಣವಾಗಿಯೇ ಉಳಿಯಿತು. ರೆಕಾರ್ಡ್ ಮಾಡೋಣವೆಂದು ಮೊಬೈಲ್ ಹಿಡಿದರೆ, ಯಂತ್ರ ಕಂಡೊಡನೆ ಅಜ್ಜಿಯ ದನಿ ತಾನಾಗಿ ನಿಂತುಹೋಯಿತು, ತುಟಿಗಳಷ್ಟೇ ಆಡಿದವು. ಒನ್, ಟೂ, ತ್ರೀ. ಮದುವೆಗಳಲ್ಲಿ ಆ ಐಟಂ ಬಿಟ್ಟೆ. ಆ ದೃಶ್ಯ ನೋಡುವ ಧೈರ್ಯವೂ ಬರಲಿಲ್ಲ. ಹೋದ ವರ್ಷ ಅಜ್ಜಿ ತೀರಿಕೊಂಡರು.

ಹೋಟೆಲಿಗೆ ವಾಪಸು ಬನ್ನಿ. ಪಕ್ಕದವನ ಮೊಬೈಲ್ ಇಸಿದುಕೊಂಡು, ದನಿಯನ್ನು ಪೂರ್ತಿ ಇಳಿಸಿ, ಆ ದೃಶ್ಯವನ್ನು ಬರೀ ಕಣ್ಣಿನಿಂದ ನೋಡಿದೆ. 'ಅಯ್ಯೋ ಕಂದಾ' ಎನ್ನುವಾಗ ತುಟಿಗಳು ಎಲ್ಲೂ ಕೂಡುವುದಿಲ್ಲ. ಇಲ್ಲಿ ಕೂಡಿದವು, ತೆರೆದವು. ಮತ್ತೆ ಕೂಡಿದವು. ಕಿವಿಯನ್ನೇ ನಂಬಿ ಬದುಕಿದ ನನಗೆ ಇಷ್ಟು ಕಾಲ ಇದು ಕಂಡಿರಲೇ ಇಲ್ಲ!

"ಮಾ," ಎಂದಿತು ತಗಡಿನ ಮೇಲೆ ಜಲ್ಲಿ ಸುರಿದಂಥ ದನಿ, ಕೊನೆಗೆ ಉಯ್ಯಾಲೆಯಂತೆ ಮೇಲೆದ್ದು.

ಹೋಟೆಲಿನವರೆಲ್ಲ ನನ್ನತ್ತ ತಿರುಗಿದರು. ಬೆಚ್ಚಿ ನಾನೂ ಹಿಂದೆ ನೋಡಿದೆ. ಯಾರೂ ಇರಲಿಲ್ಲ.

"ಯಾರ್ದಪ್ಪ ಅದು ದನಿ?" ಎಂದ ಮೊಬೈಲಿನವನು.

ಪರದೆಯ ಮೇಲಿನ ಮುಖವನ್ನು ತೋರಿಸಿ ಹೇಳಬೇಕೆಂದು ಬಾಯಿ ತೆರೆದೆ.

"ನಂದಪ್ಪ," ಎಂದರು ಅಜ್ಜಿ.