ಅಧ್ಯಕ್ಷರಿಗೆ ಇಬ್ಬರು ಮಕ್ಕಳು

ನನ್ನ ಗಂಡನಿಗೆ ಮಾತು ಕಡಿಮೆ. ಎಷ್ಟು ಕಡಿಮೆ ಎಂದರೆ, ಮದುವೆಯಾದ ಹೊಸತರಲ್ಲಿ ನಮ್ಮ ಅಮ್ಮ ನನ್ನನ್ನು ಅಡುಗೆಮನೆಗೆ ಎಳೆದುಕೊಂಡು ಹೋಗಿ, "ಅಳಿಯಂದಿರಿಗೆ ನಮ್ಮನೆ ಊಟ ಸೇರಲಿಲ್ವೇನೇ?" ಎಂದು ಕೇಳಿದ್ದಳು. ಅವರು ಹುಳಿಯನ್ನು ಎರಡೆರಡು ಸಲ ಬಡಿಸಿಕೊಂಡು ಉಂಡಿದ್ದರು. ಚೆನ್ನಾಗಿದೆ ಎಂದು ಬಾಯಿಬಿಟ್ಟು ಹೇಳಿರಲಿಲ್ಲ, ಅಷ್ಟೆ. ನಾನು ಮೈಸೂರಿನವಳು, ಬಾಯಿಬಡುಕಿ. ಅವರು ಧಾರವಾಡದವರು. ಆ ಕಡೆಯ ಜನ ಗಟ್ಟಿಯಾಗಿ, ಮನಸ್ಸು ಬಿಚ್ಚಿ ಮಾತಾಡುತ್ತಾರೆ ಎಂದು ಯಾರೋ ಹೇಳಿದ್ದನ್ನು ನಂಬಿಕೊಂಡು ಒಪ್ಪಿದ್ದೆ. ನನ್ನ ಪಾಲಿಗೆ ಬಂದದ್ದು ಇವರು.

ಹ್ಯೂಸ್ಟನ್ನಿನಲ್ಲಿ ನಾನು ಮಕ್ಕಳ ಡಾಕ್ಟರಾಗಿದ್ದೆ. ಅವರು ತೈಲ ಕಂಪನಿಗಳಿಗೆ ವಾಲ್ವ್ ಮಾಡಿಕೊಡುವ ಸಣ್ಣ ಫ್ಯಾಕ್ಟರಿ ನಡೆಸುತ್ತಿದ್ದರು. ಫ್ಯಾಕ್ಟರಿಯ ಅವರ ಕೋಣೆಯಲ್ಲಿ ದೇವರ ಪಟದ ಪಕ್ಕದಲ್ಲೇ ಒಬ್ಬ ಅಮೆರಿಕನ್ ಅಧ್ಯಕ್ಷನ ಫೋಟೋ ಇತ್ತು. ಬಹಳ ಹಿಂದಿನವನು. ತೆಳ್ಳನೆಯ ತುಟಿ, ಹರಳೆಣ್ಣೆ ಕುಡಿದವನಂಥ ಮುಖ. ಮಾತಾಡದಿರುವುದಕ್ಕೇ ಹೆಸರಾದವನು. ಊಟದ ಮೇಜಿನಲ್ಲಿ ಪಕ್ಕದವರು ಎಷ್ಟು ಕೆಣಕಿದರೂ ಎರಡು ಮಾತಿನಲ್ಲಿ ಮುಗಿಸುತ್ತಿದ್ದನಂತೆ. ವ್ಯಾಪಾರ ಮಾಡುವವರ ಪಾಡಿಗೆ ಅವರನ್ನು ಬಿಡಬೇಕು, ತೆರಿಗೆ ಇಳಿಸಬೇಕು, ಸರ್ಕಾರ ಅಡ್ಡ ಬರಬಾರದು ಎನ್ನುವುದು ಅವನ ಮತ. "ಇವನಲ್ಲಿ ಏನು ಕಂಡಿರಿ?" ಎಂದು ಒಮ್ಮೆ ಕೇಳಿದ್ದೆ. "ಸುಮ್ಮನಿರ್ತಿದ್ದ" ಎಂದರು. ಗಂಡನಿಗೆ ತಕ್ಕ ಗುರು ಸಿಕ್ಕಿದ ಎಂದು ನಾನು ನಕ್ಕಿದ್ದೆ. ಆಗ ನಗುವುದು ಸುಲಭವಾಗಿತ್ತು.

ನಮಗೆ ಒಬ್ಬಳು ಮಗಳು, ಒಬ್ಬ ಮಗ. ಮಗ ಆಸ್ಟಿನ್ನಿನಲ್ಲಿ ಓದುತ್ತಿದ್ದ. ಥ್ಯಾಂಕ್ಸ್‌ಗಿವಿಂಗ್ ರಜೆಗೆಂದು ಟೂ ನೈಂಟಿ ಹೆದ್ದಾರಿಯಲ್ಲಿ ಹ್ಯೂಸ್ಟನ್ನಿಗೆ ಡ್ರೈವ್ ಮಾಡಿಕೊಂಡು ಬರುವಾಗ ಅವನ ಕಾರಿಗೆ ಟ್ರಕ್ ಬಂದು ಹೊಡೆಯಿತು. ಅವನು ಮನೆಗೆ ಬರಲಿಲ್ಲ. ಇದನ್ನು ಇದಕ್ಕಿಂತ ಉದ್ದವಾಗಿ ಬರೆಯಲು ನನ್ನಿಂದ ಆಗುವುದಿಲ್ಲ.

ಮಗನಿಗೆ ತಂದೆಯೇ ಕರ್ಮ ಮಾಡುವುದನ್ನು ನೋಡಿದೆ. ಅದು ಮುಗಿದ ಮರುದಿನ ಅವರು ಎಂದಿನ ಹೊತ್ತಿಗೆ ಫ್ಯಾಕ್ಟರಿಗೆ ಹೋದರು. ಅಂದಿನಿಂದ ಅವನ ಹೆಸರನ್ನು ಎತ್ತಿಲ್ಲ. ಸಿಟ್ಟಿನಿಂದಲೂ ಇಲ್ಲ, ಅಳುತ್ತಲೂ ಇಲ್ಲ. ಮಗಳು ಆಸ್ಟಿನ್ನಿಗೆ ಅಂಟಿಕೊಂಡಿರುವ ಫ್ಲೂಗರ್‌ವಿಲ್‌ನಲ್ಲಿ ಮನೆ ಮಾಡಿದ ಮೇಲೆ ನಾವು ಅಲ್ಲಿಗೆ ಹೋಗಿಬರುವುದು ಇದ್ದೇ ಇತ್ತು. ನೆಟ್ಟಗೆ ಹೋಗುವ ದಾರಿ ಟೂ ನೈಂಟಿ. ಅವರು ಮಾತ್ರ ಏನೂ ಹೇಳದೆ ಪ್ರತಿಸಲವೂ ದಕ್ಷಿಣದ ಸೆವೆಂಟಿವನ್ ಹೆದ್ದಾರಿ ಹಿಡಿದು ಸುತ್ತಿಕೊಂಡು ಹೋಗುತ್ತಿದ್ದರು. ನಾನೂ ಏಕೆಂದು ಕೇಳಲಿಲ್ಲ. ಆದರೆ ಒಂದು ಸಲ, ಒಂದೇ ಒಂದು ಸಲ, ಅವರ ಬಾಯಿಂದ ಆ ಹೆಸರು ಬರಲಿ ಎಂದು ಕಾಯುತ್ತಿದ್ದೆ. ಒಂದು ಮನೆಯಲ್ಲಿ ಒಬ್ಬಳೇ ಅತ್ತರೆ ಅದು ಹುಚ್ಚಿನ ಹಾಗೆ ಕಾಣುತ್ತದೆ.

ನಮ್ಮ ಜನ ಸೇರಿದ ಕಡೆ ಮೊದಲ ಪ್ರಶ್ನೆ "ಯಾವೂರು?" ಎರಡನೆಯದು "ಎಷ್ಟು ಜನ ಮಕ್ಕಳು?" ಗುಡಿಯ ಊಟದ ಸಾಲಿನಲ್ಲಿ, ನಾಮಕರಣದ ಮನೆಯಲ್ಲಿ, ಎಲ್ಲೇ ಆಗಲಿ. ನಾನು ಯಾವಾಗಲೂ "ಇಬ್ಬರು" ಎನ್ನುತ್ತಿದ್ದೆ. "ಏನ್ಮಾಡ್ತಿದ್ದಾರೆ?" ಎಂದು ಕೇಳಿದರೆ, "ಮಗಳು ಆಸ್ಟಿನ್ನಲ್ಲಿದ್ದಾಳೆ, ಮಗ ಹೋಗ್ಬಿಟ್ಟ" ಎಂದು ಹೇಳಿಬಿಡುತ್ತಿದ್ದೆ. ಕೇಳಿದವರ ತುತ್ತು ಕೈಯಲ್ಲೇ ನಿಲ್ಲುತ್ತಿತ್ತು. ನೀರು ತರುತ್ತೇನೆಂದು ಎದ್ದು ಹೋದವರು ಆಮೇಲೆ ಬೇರೆ ಸಾಲಿನಲ್ಲಿ ಕುಳಿತಿರುತ್ತಿದ್ದರು. ಹೋಗಲಿ. ಅವರ ಊಟ ಕೆಡುತ್ತದೆ ಎಂದು ನನ್ನ ಮಗನನ್ನು ನಾನೇ ಅಳಿಸಿಹಾಕಲೇ? ಆ ಮಾತು ಶುರುವಾಗುವ ಸೂಚನೆ ಸಿಕ್ಕಿದೊಡನೆ ನನ್ನ ಗಂಡ ಕಾರು ತರುವ ನೆಪದಲ್ಲಿ ಹೊರಗೆ ಹೋಗುತ್ತಿದ್ದರು. ಹಾಗಾಗಿ ಅವರು ಯಾರಿಗೆ ಏನೆಂದು ಉತ್ತರ ಕೊಡುತ್ತಾರೆ ಎಂಬುದು ನನಗೆ ಗೊತ್ತಿರಲೇ ಇಲ್ಲ.

ಫ್ಯಾಕ್ಟರಿ ಮಾರಿ ಮನೆಯಲ್ಲಿ ಕುಳಿತ ಮೇಲೆ ಡಾಲಸ್ ಕಡೆಯ ಹಳೆಯ ಸ್ನೇಹಿತರೊಬ್ಬರು ಫೋನ್ ಮಾಡಿದರು. ಅಲ್ಲಿನ ಕನ್ನಡದವರು ಪಕ್ಕದ ಲೂಯಿಸ್‌ವಿಲ್‌ನ ಒಂದು ಹಾಲ್‌ನಲ್ಲಿ ತಿಂಗಳಿಗೊಮ್ಮೆ ಸೇರುತ್ತಾರೆ. ರಿಟೈರ್ ಆದ ಡಾಕ್ಟರು, ಎಂಜಿನಿಯರುಗಳಿಗೆ ಮಾತಾಡಲು ಒಂದು ಮೈಕು, ಕೇಳಲು ಅವರವರ ಹೆಂಡತಿಯರು, ಕೊನೆಗೆ ಉಪ್ಪಿಟ್ಟು. ಮಾತು ಕನ್ನಡದಲ್ಲೇ ಇರಬೇಕು. ಇವರಿಗೆ ಅಮೆರಿಕದ ಒಬ್ಬ ಅಧ್ಯಕ್ಷನ ಜೀವನ, ಸಾಧನೆ ಎಂಬ ವಿಷಯ ಕೊಟ್ಟರು. ಯಾರನ್ನು ಆರಿಸುತ್ತಾರೆಂದು ನಾನು ಕೇಳಬೇಕಾಗಿರಲಿಲ್ಲ. ಬಾಯಿ ಬಿಡದವನ ಬಗ್ಗೆ ಬಾಯಿ ಬಿಡದವರ ಭಾಷಣ. ಮಗಳಿಗೆ ಫೋನಿನಲ್ಲಿ ಹೇಳಿ ಇಬ್ಬರೂ ನಕ್ಕೆವು.

ಅವರು ಲೈಬ್ರರಿಯಿಂದ ಪುಸ್ತಕಗಳನ್ನು ತಂದರು. ಅವರು ಮಧ್ಯಾಹ್ನ ಮಲಗಿದಾಗ ನಾನು ಒಂದನ್ನು ತಿರುವಿದೆ. ಆ ಅಧ್ಯಕ್ಷನೂ ಮಧ್ಯಾಹ್ನ ಮಲಗುತ್ತಿದ್ದನಂತೆ, ಅದೊಂದು ಬಾಕಿಯಿತ್ತು. ಮುಂದಿನದನ್ನು ನಿಂತಲ್ಲೇ ಓದಿದೆ. ಅವನಿಗೆ ಇಬ್ಬರು ಗಂಡುಮಕ್ಕಳು. ಅವನು ಅಧ್ಯಕ್ಷನಾಗಿದ್ದಾಗಲೇ ಚಿಕ್ಕವನು ಸಾಕ್ಸ್ ಇಲ್ಲದೆ ಬೂಟು ಹಾಕಿಕೊಂಡು ಟೆನಿಸ್ ಆಡಿದ. ಕಾಲ್ಬೆರಳಿನಲ್ಲಿ ಬೊಕ್ಕೆ ಎದ್ದಿತು. ನಂಜು ರಕ್ತಕ್ಕೆ ಏರಿ ಕೆಲವೇ ದಿನಗಳಲ್ಲಿ ಹುಡುಗ ಸತ್ತುಹೋದ. ಆಗ ಅದಕ್ಕೆ ಮದ್ದಿರಲಿಲ್ಲ. ನನ್ನ ಕ್ಲಿನಿಕ್ಕಿಗೆ ಬಂದಿದ್ದರೆ ಒಂದು ಚೀಟಿ ಬರೆದುಕೊಟ್ಟು ಕಳಿಸುತ್ತಿದ್ದೆ. ತಂದೆ ಕೆಲಸ ಬಿಡಲಿಲ್ಲ. ಆದರೆ ಆಮೇಲೆ ಆ ಪದವಿಯಲ್ಲಿ ಅವನಿಗೆ ಏನೂ ರುಚಿ ಉಳಿಯಲಿಲ್ಲವಂತೆ.

ಇದೆಲ್ಲ ಇವರಿಗೆ ಮೊದಲಿನಿಂದಲೂ ಗೊತ್ತಿತ್ತು! ಮಗ ಹೋದ ಮೇಲೂ ಆ ಫೋಟೋವನ್ನು ಗೋಡೆಯಿಂದ ಏಕೆ ಇಳಿಸಲಿಲ್ಲ ಎಂದು ಮೊದಲ ಬಾರಿ ಬೇರೆ ರೀತಿಯಲ್ಲಿ ಯೋಚಿಸಿದೆ. ಮೈಕಿನ ಮುಂದೆ ನಿಂತು ಆ ಹುಡುಗನ ವಿಷಯ ಹೇಳಲೇಬೇಕಲ್ಲ, ಹೇಳುವಾಗ ನಮ್ಮವನ ಹೆಸರು ಹೊರಬರದೆ ಇರುತ್ತದೆಯೇ ಎಂದು ಆಸೆಪಟ್ಟೆ. ಆ ದಿನ ಅವರ ಅಂಗಿಯನ್ನು ನಾನೇ ಇಸ್ತ್ರಿ ಮಾಡಿದೆ. ಕಾರಿನಲ್ಲಿ ಡಾಲಸ್ ತಲುಪುವವರೆಗೂ ಒಂದು ಮಾತೂ ಆಡದೆ ಕುಳಿತೆ. ಅದು ನನಗೆ ಎಷ್ಟು ಕಷ್ಟವೆಂದು ನನ್ನನ್ನು ಬಲ್ಲವರಿಗೆ ಗೊತ್ತು.

ಭಾಷಣಕ್ಕೆ ಮೊದಲು ಅತಿಥಿಗಳ ಪರಿಚಯ ಮಾಡಿಕೊಡುವುದು ಅಲ್ಲಿಯ ಪದ್ಧತಿ. ಅಲ್ಲಿಯೇ ಎಂ.ಎಸ್. ಓದುತ್ತಿದ್ದ ಹುಡುಗಿಯೊಬ್ಬಳು ಇವರಿಗೆ ಫೋನ್ ಮಾಡಿ ವಿಷಯಗಳನ್ನೆಲ್ಲ ಕೇಳಿಕೊಂಡಿದ್ದಳು. ರೇಷ್ಮೆ ಸೀರೆ ಉಟ್ಟು ನಿಂತು, ಹುಟ್ಟೂರು, ಓದಿದ ಕಾಲೇಜು, ಫ್ಯಾಕ್ಟರಿ ಎಲ್ಲವನ್ನೂ ಹೇಳಿದಳು. "ಅಂಕಲ್ ಮತ್ತು ಆಂಟಿಗೆ ಒಬ್ಬಳೇ ಮುದ್ದಿನ ಮಗಳು, ಆಸ್ಟಿನ್‌ನಲ್ಲಿದ್ದಾರೆ" ಎಂದಳು.

ಜನ ಚಪ್ಪಾಳೆ ತಟ್ಟಿದರು. ನಮ್ಮನ್ನು ಬಲ್ಲ ಒಬ್ಬಿಬ್ಬರು ತಟ್ಟಲಿಲ್ಲ, ನನ್ನ ಕಡೆ ನೋಡಲೂ ಇಲ್ಲ. ಆ ಹುಡುಗಿಯ ತಪ್ಪೇನೂ ಇರಲಿಲ್ಲ, ಹೇಳಿದ್ದನ್ನು ಹೇಳಿದಳು. ಹೇಳಿಕೊಟ್ಟವರು ಶಾಲು ಹೊದಿಸಿಕೊಂಡು, ಕೈಮುಗಿದು, ಮೈಕಿನ ಎತ್ತರ ಸರಿಮಾಡಿಕೊಳ್ಳುತ್ತಿದ್ದರು. ಎದ್ದು ಹೋಗಬೇಕೆನಿಸಿತು. ಏಳಲಿಲ್ಲ.

ಭಾಷಣ ಚೆನ್ನಾಗಿತ್ತು. ಅದೇ ಹೊಟ್ಟೆ ಉರಿಸಿದ್ದು. ಗುಡ್ಡಗಾಡಿನ ಹಳ್ಳಿ, ಅಂಗಡಿ ಇಟ್ಟಿದ್ದ ತಂದೆ, ಹಿಂದಿನ ಅಧ್ಯಕ್ಷ ಸತ್ತ ಸುದ್ದಿ ಬಂದಾಗ ಆ ತಂದೆಯೇ ಸೀಮೆಎಣ್ಣೆ ದೀಪದ ಬೆಳಕಿನಲ್ಲಿ ಉಪಾಧ್ಯಕ್ಷನಾಗಿದ್ದ ಮಗನಿಗೆ ಪ್ರಮಾಣವಚನ ಬೋಧಿಸಿದ್ದು, ಎಲ್ಲವನ್ನೂ ಸೊಗಸಾಗಿ ಹೇಳಿದರು. ಆಮೇಲೆ ಕುಟುಂಬದ ಫೋಟೋ ಪರದೆಯ ಮೇಲೆ ಬಂತು.

"ಅಧ್ಯಕ್ಷರಿಗೆ ಇಬ್ಬರು ಮಕ್ಕಳು" ಎಂದರು. "ಕಿರಿಯವರು ಅಧಿಕಾರದ ಅವಧಿಯಲ್ಲೇ ತೀರಿಕೊಂಡರು." ಒಂದು ಗುಟುಕು ನೀರು ಕುಡಿದರು. "ಇನ್ನು ತೆರಿಗೆ ನೀತಿಗೆ ಬರೋಣ."

ಪ್ರಶ್ನೆಗಳ ಹೊತ್ತಿನಲ್ಲಿ ಮೆಕಿನ್ನಿ ಊರಿನ ಹೃದಯದ ಡಾಕ್ಟರೊಬ್ಬರು ಎದ್ದು, "ಏಷ್ಯಾದೋರು ಈ ದೇಶಕ್ಕೆ ಬರದ ಹಾಗೆ ಬಾಗಿಲು ಹಾಕಿದ ಕಾನೂನಿಗೆ ಸಹಿ ಹಾಕಿದವನು ಇವನೇ ಅಲ್ವೇ? ನಾವು ಇವನನ್ನ ಹೊಗಳೋದೇ?" ಎಂದು ಕೇಳಿದರು. ಇನ್ನೊಬ್ಬರು, ಅವನು ಸುಮ್ಮನಿದ್ದದ್ದರಿಂದಲೇ ಅವನು ಇಳಿದ ಮೇಲೆ ದೇಶ ದಿವಾಳಿಯೆದ್ದಿತು ಎಂದರು. ಇವರು ಎರಡಕ್ಕೂ ಹೌದು ಎಂದು ಒಪ್ಪಿಕೊಂಡರು. "ಸುಮ್ಮನಿರೋದರಿಂದ ನಷ್ಟನೂ ಆಗ್ತದ" ಎಂದಾಗ ಸಭೆ ನಕ್ಕಿತು. ಉಪ್ಪಿಟ್ಟು ತಿನ್ನುವಾಗ ಬಹಳ ಜನ ಬಂದು ಅವರ ಕೈಕುಲುಕಿದರು.

ಅಲ್ಲಿಂದ ಮಗಳ ಮನೆಗೆ ಹೊರಟೆವು. ಹೆದ್ದಾರಿಗೆ ಬಿದ್ದ ಕೂಡಲೇ ನಾನು ಶುರುಮಾಡಿದೆ.

"ಅವನಿಗೆ ಇಬ್ಬರು, ನಿಮಗೆ ಒಬ್ಬಳು. ಯಾವ ಲೆಕ್ಕ ರೀ ಇದು? ಆ ಬಿಳಿಯನ ಮಗ ಮಗ, ನಮ್ಮವನು ಏನು?"

ಅವರು ರಸ್ತೆ ನೋಡುತ್ತಿದ್ದರು. ನಾನು ಬಾಯಿಗೆ ಬಂದಂತೆ ಅಂದೆ. ಕಲ್ಲು ಅಂದೆ, ಕಟುಕ ಅಂದೆ. ಹೆತ್ತವಳು ನಾನು, ನನ್ನನ್ನು ಒಂದು ಮಾತು ಕೇಳದೆ ನನ್ನ ಮಗನನ್ನು ತೆಗೆದುಹಾಕಲು ನೀವು ಯಾರು ಅಂದೆ. ವೇಕೋ ಊರು ದಾಟಿತು. ನನ್ನ ದನಿ ಬಿದ್ದುಹೋದ ಮೇಲೆ ಅವರು ಮಾತಾಡಿದರು.

"ಇಬ್ಬರು ಅಂದ್ರ ಇನ್ನೊಬ್ಬ ಎಲ್ಲಿದ್ದಾನ ಅಂತ ಕೇಳ್ತಾರ. ಅಧ್ಯಕ್ಷನ್ನ ಯಾರೂ ಕೇಳಂಗಿಲ್ಲ."

ಸಿಟ್ಟಿಗೆ ಹಿಡಿದುಕೊಳ್ಳಲು ಏನೂ ಉಳಿಯಲಿಲ್ಲ. ಕಿಟಕಿಗೆ ತಲೆಯಾನಿಸಿ ಅತ್ತೆ. ಅವರು ಟಿಶ್ಯೂ ಡಬ್ಬವನ್ನು ನನ್ನ ಕಡೆ ಸರಿಸಿದರು.

ಮರುದಿನ ಫ್ಲೂಗರ್‌ವಿಲ್‌ನಲ್ಲಿ ಮಗಳ ಗೆಳತಿಯ ಹೊಸ ಮನೆಯ ಗೃಹಪ್ರವೇಶ. ಹಾಲುಕ್ಕಿಸುವುದು, ಸತ್ಯನಾರಾಯಣ ಪೂಜೆ ಎಲ್ಲ ಮುಗಿದು ಊಟಕ್ಕೆ ಸಾಲು ನಿಂತಿತ್ತು. ಗರಾಜಿನಲ್ಲಿ ಮೇಜು ಹಾಕಿ, ಅಲ್ಯೂಮಿನಿಯಂ ಟ್ರೇಗಳಲ್ಲಿ ಬಿಸಿಬೇಳೆಬಾತು, ಮೊಸರನ್ನ ಇಟ್ಟಿದ್ದರು. ನನ್ನ ಹಿಂದೆ ನನ್ನ ಗಂಡ, ಮುಂದೆ ಚಿಕ್ಕ ವಯಸ್ಸಿನ ಹೆಂಗಸೊಬ್ಬಳು. ತುಂಬಿದ ಬಸುರಿ, ಒಂದು ಕೈ ಸೊಂಟದ ಮೇಲೆ. ತಿರುಗಿ ನಕ್ಕಳು.

"ಆಂಟಿ, ನಿಮ್ದು ಯಾವೂರು?"

"ಮೈಸೂರು. ನಿಂದಮ್ಮ?"

"ಹಾಸನ. ಎಷ್ಟು ಜನ ಮಕ್ಕಳು ಆಂಟಿ ನಿಮಗೆ?"

ಅವಳ ಹೊಟ್ಟೆ ನೋಡಿದೆ. ಹಸಿರು ಬಳೆಗಳನ್ನು ನೋಡಿದೆ, ಸೀಮಂತದ್ದಿರಬೇಕು. ರಾತ್ರಿಯಿಡೀ ಅತ್ತು ತಲೆ ಸಿಡಿಯುತ್ತಿತ್ತು.

"ಒಬ್ಬಳೇ ಮಗಳಮ್ಮ" ಎಂದೆ. "ಇಲ್ಲೇ ಇದ್ದಾಳೆ."

"ಎಷ್ಟು ಒಳ್ಳೇದು, ಹತ್ರದಲ್ಲೇ ಇದ್ದಾರಲ್ಲ" ಎಂದು ಅವಳು ಒಂದು ಹಪ್ಪಳ ಎತ್ತಿಕೊಂಡು ಮುಂದೆ ಹೋದಳು. ಯಾರ ಕೈಯೂ ನಿಲ್ಲಲಿಲ್ಲ. ಯಾರೂ ನೀರಿನ ನೆಪದಲ್ಲಿ ಸಾಲು ಬಿಟ್ಟು ಹೋಗಲಿಲ್ಲ. ಇಷ್ಟು ಸುಲಭವೇ ಇದು ಎಂದು ನನ್ನ ಬಗ್ಗೆಯೇ ಹೇಸಿಗೆಯಾಯಿತು. ಹಿಂದಕ್ಕೆ ತಿರುಗಿದೆ. ಈ ಸಲ ಅವರು ಕಾರು ತರಲು ಹೋಗಿರಲಿಲ್ಲ. ಖಾಲಿ ತಟ್ಟೆ ಹಿಡಿದು ಅಲ್ಲೇ ನಿಂತಿದ್ದರು. ಅನ್ನದ ಟ್ರೇ ಮುಂದಿದ್ದರೂ ಬಡಿಸಿಕೊಳ್ಳಲಿಲ್ಲ.

ಸಂಜೆ ಹ್ಯೂಸ್ಟನ್ನಿಗೆ ಹೊರಟೆವು. ಎಂದಿನಂತೆ ಸೆವೆಂಟಿವನ್ ಹಿಡಿದರು. ಬ್ಯಾಸ್ಟ್ರಪ್ ಊರು ದಾಟಿತು, ಪೈನ್ ಮರಗಳು ಮುಗಿದವು. ಆಮೇಲೆ ಅವರು ಕಾರನ್ನು ರಸ್ತೆಯ ಬದಿಗೆ ಇಳಿಸಿ ನಿಲ್ಲಿಸಿದರು. ಸ್ಟೀರಿಂಗ್ ಮೇಲಿನ ಕೈ ತೆಗೆಯಲಿಲ್ಲ, ನನ್ನ ಕಡೆ ತಿರುಗಲಿಲ್ಲ.

"ನೀನರ ಇಬ್ಬರು ಅಂತಿದ್ದಿ" ಎಂದರು.

ಅವರ ಹೆಗಲು ಅಲುಗುತ್ತಿತ್ತು. ಹೆಸರು ಬರದಿದ್ದರೂ, ಇಷ್ಟು ವರ್ಷ ಕಾದದ್ದು ಇದಕ್ಕೇ ಆಗಿತ್ತು. ಬಂದಾಗ ನಾನು ಅವರ ಬೆನ್ನ ಮೇಲೆ ಕೈ ಇಡಲೂ ಆಗದೆ ಕುಳಿತಿದ್ದೆ. ಅವನನ್ನು ಎಣಿಸುವವಳು ಒಬ್ಬಳಿದ್ದಾಳೆ ಎಂದು ನಂಬಿಕೊಂಡೇ ಅವರು ಇಷ್ಟು ವರ್ಷ ಸುಮ್ಮನಿದ್ದರು.