ಹುತ್ತಕ್ಕೆ ಕಿವಿಗೊಟ್ಟವಳು

ಗೆದ್ದಲಿನದಲ್ಲದ ಸದ್ದು ಕೇಳಿದರೆ ಯಾವ ಹುತ್ತಕ್ಕೂ ಔಷಧ ಸುರಿಯುವುದಿಲ್ಲ. ಮದುವೆಯಾಗಿ ಬಂದ ವರ್ಷ, ಈ ಕಸುಬು ಕಲಿಸಿದ ಮಾವನಿಗೆ ಆಕೆ ಕೊಟ್ಟ ಮಾತಿದು. ಗೆದ್ದಲು ಕಟ್ಟಿದ ಮನೆಗೆ ಬಾಡಿಗೆಯಿಲ್ಲದೆ ಸೇರಿಕೊಳ್ಳುವವರು ಬಹಳ, ಹಾವೂ ಇರಬಹುದು ಎಂಬ ಭಯ ಆತನದು.

ಈಗಷ್ಟೇ ಬೆಳಕು ಹರಿಯುತ್ತಿದೆ. ಕುರ್ಚಿ ಮೇಜು ಪೇರಿಸಿಟ್ಟ ಗೋದಾಮಿನ ಹಿಂದೆ, ದೊಡ್ಡ ಮರದ ಬುಡದಲ್ಲಿ ಎದೆಮಟ್ಟದ ಹುತ್ತ. ಸುತ್ತಲ ಬೀದಿಗಳಿಗೆಲ್ಲ ‘ಗೆದ್ದಲಕ್ಕ’ ಎಂದೇ ಪರಿಚಿತಳಾದ ಈಕೆ ಔಷಧದ ಡಬ್ಬಿ ಕೆಳಗಿಟ್ಟು, ಕೆನ್ನೆಯನ್ನು ಮಣ್ಣಿಗೊತ್ತಿ ಕೂತಿದ್ದಾಳೆ. ದಿನಕ್ಕೆ ಮೂರೋ ನಾಲ್ಕೋ ಹುತ್ತ. ಔಷಧಕ್ಕೆ ಅಂಗೈ ಸುಲಿದಿದೆ, ಕೆಮ್ಮು ಬಿಟ್ಟಿಲ್ಲ. ಮನೆಯ ಒಲೆ ಉರಿಯುವುದೇ ಈ ಗೋದಾಮಿನ ಖಾಯಂ ಕೆಲಸದಿಂದ. ಮಾಲೀಕರು ಬರುವುದರೊಳಗೆ ಹುತ್ತ ನೆಲಸಮವಾಗದಿದ್ದರೆ ಕೆಲಸ ಬೇರೆಯವರಿಗೆ ಎಂದು ಮೇಲ್ವಿಚಾರಕ ನಿನ್ನೆಯೇ ಹೇಳಿದ್ದಾನೆ.

ಒಳಗೆ ಏನೋ ಕೆರೆಯುತ್ತಿದೆ. ಇಲಿಯಿರಬೇಕು ಎಂದುಕೊಳ್ಳುವಷ್ಟರಲ್ಲಿ ತಲೆಯ ಮೇಲೆ ತೊಗಟೆ ಉದುರುತ್ತದೆ.

ಮರದಿಂದ ತಲೆಕೆಳಗಾಗಿ ಇಳಿಯುತ್ತಿದೆ ಉಡ.

“ನನ್ನಷ್ಟೇ ಉದ್ದ ಇತ್ತು,” ಎನ್ನುತ್ತಾಳೆ. ಉಡ ಎಂದರೆ ಮೊಟ್ಟೆಗಳ್ಳ, ಅಷ್ಟೇ ಆಕೆಗೆ ಗೊತ್ತು. ಒಳಗಿರುವ ಯಾವುದೋ ಬಡಜೀವವನ್ನು ತಿನ್ನಲು ಬಂದಿದೆ ಎಂದು ಹಾರೆ ಎತ್ತುತ್ತಾಳೆ. ಉಡ ಅವಳತ್ತ ನೋಡುವುದೂ ಇಲ್ಲ. ಉಗುರು ಹುತ್ತಕ್ಕೆ ಬೀಳುತ್ತದೆ, ಹೆಂಚಿನಂಥ ಮಣ್ಣು ಸಿಡಿಯುತ್ತದೆ. ತೂತಿನಿಂದ ಬೆರಳ ತುದಿಯಷ್ಟು ಚಿಕ್ಕ ತಲೆಯೊಂದು ಹೊರಬರುತ್ತದೆ. ಉಡದ್ದೇ ಮರಿ. ಎತ್ತಿದ ಹಾರೆ ಎತ್ತಿದಂತೆಯೇ ನಿಲ್ಲುತ್ತದೆ.

ಹೆಣ್ಣು ಉಡ ಹುತ್ತ ಬಗೆದು ಮೊಟ್ಟೆಯಿಟ್ಟು ಹೋಗುತ್ತದೆ. ಕಂಡಿಯನ್ನು ಗೆದ್ದಲೇ ಮುಚ್ಚುತ್ತದೆ. ಒಳಗಿನ ಶಾಖವೂ ತೇವವೂ ತಿಂಗಳುಗಟ್ಟಲೆ ಮೊಟ್ಟೆ ಕಾಯುತ್ತವೆ. ಮರಿ ಬಲಿಯುವ ಹೊತ್ತಿಗೆ ತಾಯಿ ಬಂದು ಬಾಗಿಲು ತೆಗೆಯುತ್ತದೆ ಎನ್ನುತ್ತಾರೆ ಬಲ್ಲವರು. ಅಷ್ಟು ಕಾಲ ಅದು ಹೇಗೆ ನೆನಪಿಟ್ಟುಕೊಳ್ಳುತ್ತದೋ ಅವರಿಗೂ ತಿಳಿಯದು.

ಹಳದಿ ಪಟ್ಟೆಯ ಮರಿಗಳು ಒಂದೊಂದಾಗಿ ಮರ ಹತ್ತುತ್ತವೆ. ತಾಯಿ ಒಂದನ್ನೂ ಮೂಸದೆ ಪೊದೆಯೊಳಗೆ ಮರೆಯಾಗುತ್ತದೆ. ಆಕೆಯನ್ನು ಹೆಚ್ಚು ಬೆಚ್ಚಿಬೀಳಿಸಿದ್ದು ಅದೇ. “ನಾನಾದ್ರೆ ಮಗಳನ್ನ ಸ್ಕೂಲಿಗೆ ಬಿಟ್ಟು, ಗೇಟ್ ಹತ್ರ ಇನ್ನೊಂದ್ಸಲ ತಿರುಗಿ ನೋಡ್ತೀನಿ.”

ಓಡಿಬಂದ ಮೇಲ್ವಿಚಾರಕ ಮರದ ಮೇಲಿನ ಸಾಲು ಕಂಡು ಗೋಡೆಗೆ ಒರಗಿಬಿಟ್ಟ.

“ಅಕ್ಕಾ, ಮಾಲೀಕ್ರು ಗೇಟ್ ಹತ್ರ ಬಂದ್ರು. ಸುರಿದುಬಿಡು.”

ಆಕೆ ಮತ್ತೆ ಕೆನ್ನೆಯನ್ನು ಮಣ್ಣಿಗೊತ್ತಿದಳು. “ಒಳಗೆ ಇನ್ನೂ ಒಂದಿದೆ ಕಣಪ್ಪಾ.”

ಮಾಲೀಕರು ಬಂದಾಗ ಹುತ್ತ ನಿಂತೇ ಇತ್ತು. ಡಬ್ಬಿಯ ಮುಚ್ಚಳ ತೆಗೆದಿರಲಿಲ್ಲ.

ಮನೆಯಲ್ಲಿ ಮಾವ ಮಂಚ ಹಿಡಿದಿದ್ದಾನೆ. ಹುತ್ತ ಆಲಿಸಿದ ಕಿವಿಗೆ ಈಗ ಸಿಡಿಲಿನಂಥ ಸದ್ದಷ್ಟೇ ಕೇಳುತ್ತದೆ. ಸೊಸೆ ಬಾಗಿ, ಆ ಕಿವಿಯಲ್ಲೇ ಎಲ್ಲವನ್ನೂ ಕೂಗಿ ಹೇಳುತ್ತಾಳೆ.

“ಸುರಿದ್ಯಾ?” ಎಂದಷ್ಟೇ ಕೇಳುತ್ತಾನೆ ಮುದುಕ.

ಆಕೆ ಇಲ್ಲವೆಂದು ತಲೆಯಾಡಿಸುತ್ತಾಳೆ.

ಗೋದಾಮಿನ ಕೆಲಸ ಹೋಯಿತು. ಕೊಟ್ಟ ಮಾತು ಉಳಿಯಿತು.