ಹಳದಿ ಲೈಟಿನ ಹುಡುಗಿಗೆ ಉಡಿ

ಹೋದ ತಿಂಗಳು ಲಂಡನ್ನಿನ ರೇನರ್ಸ್ ಲೇನ್‌ನಲ್ಲಿರುವ ಅಣ್ಣನ ಮನೆಯಲ್ಲಿ ಮಧ್ಯಾಹ್ನದ ಊಟಕ್ಕೆ ನಾಲ್ವರಿದ್ದೆವು. ನಾನು, ನಾವು ವೈನಿ ಎನ್ನುವ ಅತ್ತಿಗೆ, ಅವರ ಮಗಳು ಅನಘಾ. (ಅಣ್ಣನಿಗೆ ಪಾರ್ಕ್ ರಾಯಲ್‌ನಲ್ಲಿ ಶಿಫ್ಟ್.) ನಾಲ್ಕನೆಯವಳು ಫುಮಿ, ಟೋಕಿಯೊದ ಹುಡುಗಿಯರ ತಂಡವೊಂದರ ಹಾಡುಗಾರ್ತಿ. ಎತ್ತರ ಒಂದು ಗೇಣೂ ಇಲ್ಲ. ಬಂದಿದ್ದು ಅವಳಲ್ಲ, ಪ್ಲಾಸ್ಟಿಕ್ಕಿನಲ್ಲಿ ಕತ್ತರಿಸಿದ ಅವಳ ಚಿತ್ರ.

ಜಪಾನಿನ ಅಭಿಮಾನಿಗಳಲ್ಲಿ ಹೀಗೊಂದು ರೂಢಿ, ಅದು ಅನಘಾಳಿಗೂ ಅಂಟಿತ್ತು. ಮೆಚ್ಚಿನ ತಾರೆಯನ್ನು ತಟ್ಟೆಯ ಮುಂದೆ ನಿಲ್ಲಿಸಬೇಕು, ಫೋಟೊ ತೆಗೆಯಬೇಕು, ಆಮೇಲೆ ಉಣ್ಣಬೇಕು. ಧಾರವಾಡದ ವೈನಿಗೆ ಇದನ್ನು ಯಾರೂ ವಿವರಿಸಬೇಕಾಗಿರಲಿಲ್ಲ. ನೈವೇದ್ಯ ಗೊತ್ತಿಲ್ಲವೇ? ಫುಮಿಯ ಮುಂದೂ ಚೂರು ಭಕ್ರಿ, ಬದನೆಕಾಯಿ ಎಣ್ಣೆಗಾಯಿ ಇಡುತ್ತ ಬಂದಿದ್ದರು.

ಅವತ್ತು ಮಾತ್ರ ಅನಘಾ ಫುಮಿಯನ್ನು ಬೋರಲು ಮಲಗಿಸಿದ್ದಳು.

"ಏನಾತ ಆಕೀಗೆ?" ವೈನಿ ಕೇಳಿದರು.

"ಶೀ ಈಸ್ ಗೆಟಿಂಗ್ ಮ್ಯಾರೀಡ್, ಮಮ್ಮೀ."

"ಮತ್ತ ಛಲೋನ ಆತಲ್ಲ!"

"ನೋ! ಶೀ ಲೈಡ್ ಟು ಅಸ್!"

ಇಂಥ ತಂಡಗಳ ಹುಡುಗಿಯರು ಯಾರನ್ನೂ ಪ್ರೀತಿಸಕೂಡದು ಎಂಬ ಕಟ್ಟಳೆ ಅಲ್ಲಿ ಹಳೆಯದು. ಕೆಲವು ಕಡೆ ಬರೆದಿರುತ್ತಾರೆ, ಕೆಲವು ಕಡೆ ಬರೆಯದೆಯೇ ನಡೆಸುತ್ತಾರೆ. ಮಾರಾಟಕ್ಕಿರುವುದು ಬರೀ ಹಾಡಲ್ಲ ನೋಡಿ. ಸಿಡಿ ಕೊಂಡರೆ ಅವಳ ಕೈ ಕುಲುಕುವ ಅವಕಾಶ. ಜೊತೆಗೆ 'ಇವಳು ನಮ್ಮವಳು' ಎಂಬ ಭ್ರಮೆ. ಕೊಂಡವರಿಗೆ ಅವಳ ಮದುವೆ ಮೋಸದಂತೆ ಕಂಡರೆ ತಪ್ಪು ಯಾರದು? ಹುಡುಗಿಯದಂತೂ ಅಲ್ಲ.

ಮದುವೆಗೆಂದು ತಂಡ ಬಿಡುವ ಮುನ್ನ ಫುಮಿಯ ಕೊನೆಯ ಶೋ ಇತ್ತು. ಅದನ್ನು ಲಂಡನ್ನಿನ ಒಂದು ಸಿನಿಮಾ ಹಾಲ್‌ನಲ್ಲೂ ತೋರಿಸುವವರಿದ್ದರು. ತಂಡದ ಒಬ್ಬೊಬ್ಬಳಿಗೂ ಒಂದೊಂದು ಬಣ್ಣ. ಅವಳು ಹಾಡುವಾಗ ಜನ ಆ ಬಣ್ಣದ ಲೈಟ್ ಹಿಡಿದು ಬೀಸುತ್ತಾರೆ. ಫುಮಿಯದು ಹಳದಿ. ಅನಘಾಳ ಗೆಳತಿಯರು ಫುಮಿಯ ಹಾಡಿಗೆ ಲೈಟ್ ಆರಿಸಿ ಕೂರುವುದೆಂದು ತೀರ್ಮಾನಿಸಿದ್ದರು. ಎಲ್ಲರಿಗಿಂತ ಮೊದಲು ಹೂಂ ಅಂದವಳು ಅನಘಾ.

ವೈನಿ ಎದ್ದು ಒಳಗೆ ಹೋದರು. ಒಂದು ಕರವಸ್ತ್ರ, ಹಿಡಿ ಅಕ್ಕಿ, ಕೊಬ್ಬರಿ ಚೂರು, ಅರಿಷಿಣ ಕೊಂಬು ತಂದರು. ಫುಮಿಯನ್ನು ಎತ್ತಿ ನಿಲ್ಲಿಸಿದರು. ಹಣೆಗೆ ಕುಂಕುಮ ಹಚ್ಚಿದರೆ ಪ್ಲಾಸ್ಟಿಕ್ ಮೇಲೆ ನಿಲ್ಲಲಿಲ್ಲ. ಹನಿ ಎಣ್ಣೆ ಸವರಿ ನಿಲ್ಲಿಸಿದರು.

"ಮಮ್ಮೀ, ವಾಟ್ ಆರ್ ಯೂ ಡೂಯಿಂಗ್?"

"ಉಡಿ ತುಂಬಲಿಕ್ಕತ್ತೀನಿ. ಇಷ್ಟು ದಿನಾ ನಮ್ಮನ್ಯಾಗ ಉಂಡಾಳ. ಲಗ್ನ ಆಗಿ ಹೊಂಟಾಕೀನ ಬರೀ ಉಡೀಲೆ ಕಳಸ್ತಾರೇನು?"

(ಮನೆ ಬಿಟ್ಟು ಹೊರಟ ಹೆಣ್ಣುಮಗಳ ಸೆರಗಿಗೆ ಅಕ್ಕಿ, ಕೊಬ್ಬರಿ ಹಾಕಿ ಹರಸುವುದು ನಮ್ಮ ಕಡೆಯ ಪದ್ಧತಿ. ಫುಮಿಗೆ ಸೆರಗಿಲ್ಲ, ಆದ್ದರಿಂದ ಕರವಸ್ತ್ರ.)

"ಇಟ್ಸ್ ಜಸ್ಟ್ ಪ್ಲಾಸ್ಟಿಕ್!"

"ಊಟಕ್ಕ ಕೂಡಸೂ ಮುಂದ ಪ್ಲಾಸ್ಟಿಕ್ ಇದ್ದಿದ್ದಿಲ್ಲೇನು?"

ಅನಘಾ ನನ್ನ ಮುಖ ನೋಡಿದಳು. ನಾನು ಎಣ್ಣೆಗಾಯಿ ನೋಡಿದೆ. ವೈನಿ ಕರವಸ್ತ್ರ ಗಂಟು ಕಟ್ಟಿ, ಫುಮಿಯ ಜೊತೆ ಮಗಳ ಕೈಗಿಟ್ಟರು. ಅವಳು ಎರಡನ್ನೂ ಹಿಡಿದು ಮೆಟ್ಟಿಲು ಹತ್ತಿದಳು.

ಶೋ ದಿನ ಅವಳ ಜೊತೆ ನಾನೇ ಹೋದೆ. ಫುಮಿ ಪರದೆಗೆ ಬಂದಳು. ನಮ್ಮ ಸಾಲು ಪೂರ್ತಿ ಕತ್ತಲಾಯಿತು. ಅನಘಾಳ ಲೈಟೂ ಆರಿತು. ಹಾಡು ಅರ್ಧಕ್ಕೆ ಬಂದಾಗ ಅವಳು ಚೀಲದಿಂದ ಆ ಗಂಟು ತೆಗೆದು ತೊಡೆಯ ಮೇಲಿಟ್ಟುಕೊಂಡಳು. ಆಮೇಲೆ ಹಳದಿ ಲೈಟ್ ಹಚ್ಚಿದಳು.

"ಸ್ವಿಚ್ ಇಟ್ ಆಫ್," ಪಕ್ಕದ ಗೆಳತಿ ಗದರಿದಳು.

ಅನಘಾ ಕೈಯನ್ನು ಇನ್ನಷ್ಟು ಮೇಲೆತ್ತಿದಳು.